ಅಡುಗೆಮನೆ ಹಲ್ಲಿ ಜಿರಳೆ ತಿನ್ನುತ್ತಾ?

ಪ್ರಶ್ನೆ: ರಾತ್ರಿ ಲೈಟ್ ಹಾಕಿದರೆ ಸಿಂಕ್ ಕೆಳಗಿನ ಜಿರಳೆಗಳು ದಿಕ್ಕಾಪಾಲಾಗಿ ಓಡುತ್ತವೆ. ಟ್ಯೂಬ್‌ಲೈಟ್ ಪಕ್ಕ ಒಂದು ದಪ್ಪ ಹಲ್ಲಿ ಇದೆ. 'ಓಡಿಸಬೇಡ, ಜಿರಳೆ ತಿನ್ನುತ್ತೆ' ಅಂತಾರೆ ಅತ್ತೆ. ನಿಜವಾ?

ಉತ್ತರ 1: ತಿನ್ನುತ್ತೆ, ಹೆಚ್ಚಾಗಿ ಸಣ್ಣವನ್ನು. ಮೊನ್ನೆ ನಮ್ಮನೆ ಹಲ್ಲಿ ಒಂದನ್ನು ಹಿಡಿದು, ಗೋಡೆಗೆ ಬಡಿದು ಬಡಿದು ನುಂಗಿತು. ಮೀಸೆ ಮಾತ್ರ ಬಾಯಿಂದಾಚೆ ಅಲ್ಲಾಡುತ್ತಿತ್ತು! ಮೋರಿಯಿಂದ ಬರುವ 4 ಸೆಂ.ಮೀ. ಕೆಂಪು ಜಿರಳೆ ಅದಕ್ಕೆ ದೊಡ್ಡ ತುತ್ತು. ಸಣ್ಣ ಕಂದು ಜಿರಳೆಯ ಒಂದೇ ಮೊಟ್ಟೆಚೀಲದಲ್ಲಿ 30-40 ಮೊಟ್ಟೆ, ಹಲ್ಲಿ ಎಷ್ಟು ಅಂತ ತಿನ್ನುತ್ತೆ ಪಾಪ? ಜಿರಳೆ ಕೊಲ್ಲುವ ವಿಷದ ಜೆಲ್ ಹಾಕಿ. ಹಲ್ಲಿ ಹಿಕ್ಕೆಯಲ್ಲಿ ಹೊಟ್ಟೆ ಕೆಡಿಸುವ ಸಾಲ್ಮೊನೆಲ್ಲಾ ಬ್ಯಾಕ್ಟೀರಿಯಾ ಇರಬಹುದು, ಪಾತ್ರೆ ಮುಚ್ಚಿಡಿ.

ಉತ್ತರ 2: ನಾವಿರೋದು ಅಮೆರಿಕದಲ್ಲಿ. ಮಗ ಲೆಪರ್ಡ್ ಗೆಕ್ಕೋ ಅನ್ನೋ ಹಲ್ಲಿ ಸಾಕಿದ್ದಾನೆ. ಅದಕ್ಕೆ ಡುಬಿಯಾ ಜಿರಳೆ ದುಡ್ಡು ಕೊಟ್ಟು ತರ್ತೀವಿ, ಕ್ಯಾಲ್ಸಿಯಂ ಪುಡಿ ಸವರಿ ಹಾಕ್ತೀವಿ. ಮನೆ ಜಿರಳೆ ಮಾತ್ರ ಕೊಡಲ್ಲ, ವಿಷ ತಿಂದಿರಬಹುದು.

ಪ್ರಶ್ನೆ ಕೇಳಿದವರು: ಹಾಗಾದ್ರೆ ಜೆಲ್ ತಿಂದ ಜಿರಳೆಯನ್ನು ನಮ್ಮ ಹಲ್ಲಿ ತಿಂದ್ರೆ? ಅತ್ತೆ ಈಗ ಅದನ್ನೇ ಕೇಳ್ತಿದಾರೆ.