‘ಹ್ಯುಮ್ನೋಸ್’ಗೆ ಕನ್ನಡದಲ್ಲಿ ಏನನ್ನೋಣ: ಸ್ತೋತ್ರವೋ, ಸೂಕ್ತವೋ, ಬರೀ ಹಾಡೋ?

ಬಳಗದ ಎಲ್ಲರಿಗೂ ನಮಸ್ಕಾರ.

ಗ್ರೀಕ್ ತತ್ತ್ವಜ್ಞಾನಿ ಕ್ಲೆಯಾಂಥೆಸ್ ಬರೆದ ಜೀಯಸ್ ದೇವರ ‘ಹ್ಯುಮ್ನೋಸ್’ ಅನ್ನು (ಇಂಗ್ಲಿಷಿನವರ ‘ಹಿಮ್’) ಕನ್ನಡಕ್ಕೆ ತರುತ್ತಿದ್ದೇನೆ. ಇರುವುದೇ 39 ಸಾಲು. ಒಳಗಿನ ಸಾಲುಗಳು ಹೇಗೋ ಬಂದವು, ತಲೆಬರಹದಲ್ಲೇ ಬಂಡಿ ಹೂತುಕೊಂಡಿದೆ. ಮೊದಲು ‘ಸ್ತೋತ್ರ’ ಎಂದು ಬರೆದೆ. ಕರಡು ಓದಿದ ಗೆಳೆಯರೊಬ್ಬರು, “ಏನ್ರೀ, ಇದನ್ನ ದೇವರಮನೆಯಲ್ಲಿ ಇಡಬೇಕೋ ತತ್ತ್ವಶಾಸ್ತ್ರದ ಕಪಾಟಿನಲ್ಲೋ?” ಎಂದರು. ‘ಸೂಕ್ತ’ ಎಂದು ತಿದ್ದಿದೆ. ಸಂಸ್ಕೃತ ಬಲ್ಲ ಹಿರಿಯರೊಬ್ಬರಿಗೆ ಅದು ಸೂಕ್ತ ಅನ್ನಿಸಲಿಲ್ಲ. ‘ಕೀರ್ತನೆ’ ಅಂದರೆ ಒಂದು ಕಡೆ ದಾಸರು, ಇನ್ನೊಂದು ಕಡೆ ಕನ್ನಡ ಬೈಬಲ್ಲಿನ ದಾವೀದ ಬಂದು ನಿಲ್ಲುತ್ತಾರೆ. ಹಾಗಾಗಿ ನಿಮ್ಮ ಮುಂದಿಡುತ್ತಿದ್ದೇನೆ.

(ಹೆಸರಿನ ಬಗ್ಗೆ ಒಂದು ಮಾತು. ‘ಜ್ಯೂಸ್’ ಎಂದು ಬರೆದರೆ ಓದುವವರಿಗೆ ಬಾಯಾರಿಕೆ ಆಗುತ್ತದೆ, ಅದಕ್ಕೆ ‘ಜೀಯಸ್’. ಹಳಗನ್ನಡದ ‘ಜೀಯ’ ನೆನಪಾದರೆ ಆಗಲಿ, ನಂಟೇನೂ ಇಲ್ಲ. ದೇವರಿಗೆ ಒಪ್ಪುತ್ತದೆ ಅಷ್ಟೆ.)

ಮೂಲ ಪದವೇ ಒಂದು ಕಡೆ ನಿಲ್ಲುವುದಿಲ್ಲ. ಹೋಮರನ ಎರಡು ಮಹಾಕಾವ್ಯಗಳಲ್ಲಿ ‘ಹ್ಯುಮ್ನೋಸ್’ ಬರುವುದು ಒಂದೇ ಒಂದು ಸಲ, ಒಡಿಸ್ಸಿಯ 8ನೇ ಭಾಗದಲ್ಲಿ. ಅಲ್ಲಿ ದೇವರ ಸುದ್ದಿಯಿಲ್ಲ: ಅತಿಥಿ ಊಟ ಮಾಡುತ್ತಾ ಹಾಡು ಕೇಳಿ ಸುಖವಾಗಿರಲಿ ಎಂಬ ಮಾತು. ಕಾಲ್ಕಿಸ್ ಊರಿನಲ್ಲಿ ‘ಹ್ಯುಮ್ನೋಸ್’ ಹಾಡಿ ಗೆದ್ದು ಹಿಡಿಯಿರುವ ಮುಕ್ಕಾಲಿ ಪಾತ್ರೆ ತಂದೆ ಎಂದು ಕವಿ ಹೆಸಿಯಡ್ ಹೇಳಿಕೊಳ್ಳುತ್ತಾನೆ. ಅದು ಸತ್ತ ದೊರೆಯೊಬ್ಬನ ನೆನಪಿನ ಪಂದ್ಯ. ಕ್ರಿ.ಪೂ. 458ರಲ್ಲಿ ಆಡಿದ ಎಸ್ಕಿಲಸ್‌ನ ನಾಟಕದಲ್ಲಂತೂ ರಕ್ತಕ್ಕೆ ಸೇಡು ತೀರಿಸುವ ಎರಿನ್ಯೆಸ್ ದೇವತೆಗಳು ತಾಯಿಯನ್ನು ಕೊಂದ ಒರೆಸ್ಟಿಸ್‌ನ ಸುತ್ತ ನಿಂತು ಹಾಡುವುದೂ ‘ಹ್ಯುಮ್ನೋಸ್’. ‘ದೆಸ್ಮಿಯೋಸ್’, ಅಂದರೆ ಕಟ್ಟಿಹಾಕುವಂಥದ್ದು. ತಂತಿವಾದ್ಯದ ಜೊತೆಯಿಲ್ಲದ್ದು, ಮನಸ್ಸಿಗೆ ಸಂಕೋಲೆ ತೊಡಿಸುವಂಥದ್ದು. ನಮ್ಮಲ್ಲಿ ಮಂತ್ರವಾದಿಗಳು ‘ಕಟ್ಟು ಹಾಕುವುದು’ ಅನ್ನುತ್ತಾರಲ್ಲ, ಅದೇ. ಇದಕ್ಕೆ ‘ಸ್ತೋತ್ರ’ ಅಂದರೆ ನಗೆಪಾಟಲು.

ಪ್ಲೇಟೋ ಹೊತ್ತಿಗೆ ಗೆರೆ ಬಿದ್ದಿದೆ. ಕವಿಗಳನ್ನು ಊರಾಚೆ ಕಳಿಸುವ ಪ್ರಸಿದ್ಧ ಜಾಗದಲ್ಲಿ ಅವನು ಉಳಿಸಿಕೊಳ್ಳುವುದು ಎರಡನ್ನೇ: ದೇವರಿಗೆ ಹ್ಯುಮ್ನೋಸ್, ಒಳ್ಳೆಯ ಮನುಷ್ಯರಿಗೆ ಎಂಕೋಮಿಯಾನ್, ಅಂದರೆ ಹೊಗಳಿಕೆಯ ಹಾಡು. ಈ ಗೆರೆ ಬರೀ ಪಂಡಿತರ ಲೆಕ್ಕಾಚಾರ ಅಂದುಕೊಳ್ಳಬೇಡಿ. ಅರಿಸ್ಟಾಟಲ್ ತನ್ನ ನಂಟ, ಅಟಾರ್ನಿಯಸ್ ಊರಿನ ಒಡೆಯ ಹೆರ್ಮಿಯಾಸ್ ಸತ್ತಾಗ ‘ಅರೆತೆ’ಯನ್ನು, ಅಂದರೆ ಸದ್ಗುಣವನ್ನು, ದೇವಿಯಂತೆ ಕರೆದು ಒಂದು ಹಾಡು ಕಟ್ಟಿದ. ಕ್ರಿ.ಪೂ. 323ರಲ್ಲಿ ಅಲೆಕ್ಸಾಂಡರ್ ಸತ್ತು ಅಥೆನ್ಸಿನ ಗಾಳಿ ತಿರುಗಿದಾಗ ಅದೇ ಹಾಡು ಆಪಾದನೆಗೆ ಬಂತು. ದೇವರಿಗೆ ಹಾಡಬೇಕಾದ ‘ಪಯಾನ್’ ಅನ್ನು ಮನುಷ್ಯನಿಗೆ ಹಾಡಿದ, ಇದು ದೈವದ್ರೋಹ, ಅಂತ. ಅವನು ಊರು ಬಿಟ್ಟ. ಐದಾರು ಶತಮಾನ ಕಳೆದ ಮೇಲೂ ಅಥೆನೇಯಸ್ ತನ್ನ ಗ್ರಂಥದಲ್ಲಿ ಅರಿಸ್ಟಾಟಲ್ ಪರ ವಕಾಲತ್ತು ನಡೆಸುತ್ತಾನೆ: ಪಯಾನಿಗೆ ಇರಬೇಕಾದ ಪಲ್ಲವಿ ಇದರಲ್ಲಿಲ್ಲ, ಆದ್ದರಿಂದ ಇದು ಪಾನಗೋಷ್ಠಿಯ ಹಾಡು! ಪದಚರ್ಚೆ ಪ್ರಾಣಕ್ಕೆ ಬರುವುದು ಅಂದರೆ ಇದು. ನಾವಿಲ್ಲಿ ಅರ್ಕಾವೊತ್ತಿಗೆ ಮಾತ್ರ ಜಗಳವಾಡುತ್ತೇವೆ.

ಈಗ ಕೈಯಲ್ಲಿರುವ ಸಂಗ್ರಹಗಳಿಗೆ ಬರೋಣ. ‘ಹೋಮರನವು’ ಅನ್ನಿಸಿಕೊಂಡ 33 ಹ್ಯುಮ್ನೋಸ್‌ಗಳಲ್ಲಿ ಅಪೊಲೋ ದೇವರದನ್ನು ಇತಿಹಾಸಕಾರ ಥುಸಿಡಿಡೀಸ್ ಕರೆಯುವುದು ‘ಪ್ರೊಯಿಮಿಯಾನ್’ ಎಂದು, ಹಾಡಿಗೆ ಮುಂಚಿನದು. ನಾಲ್ಕೈದು ಸಾಲಿನ ಚಿಕ್ಕವಕ್ಕೆ ‘ನಾಂದಿ’ ಚೆನ್ನಾಗಿ ಕೂರುತ್ತದೆ: ದೇವರನ್ನು ನೆನೆದು, ಇನ್ನು ಮುಂದಿನ ಹಾಡಿಗೆ ಹೋಗುತ್ತೇನೆ ಅನ್ನುತ್ತವೆ. ಆದರೆ ಮಗಳನ್ನು ಕಳೆದುಕೊಂಡ ದೆಮೆತೆರ್ ತಾಯಿಯ ಕಥೆ ಹೇಳುವ 495 ಸಾಲಿನದಕ್ಕೆ ನಾಂದಿ ಅನ್ನಲು ನನಗೆ ಬಾಯಿ ಬರುವುದಿಲ್ಲ. ಅದೊಂದು ಸ್ಥಳಪುರಾಣ, ಎಲ್ಯುಸಿಸ್‌ನ ಗುಡಿ ಹೇಗೆ ಬಂತು ಎಂಬುದರದ್ದು.

ಪುರಾಣದ ಹಾಡುಗಾರ ಆರ್ಫಿಯಸ್ ಹೆಸರಿನ 87 ಹ್ಯುಮ್ನೋಸ್‌ಗಳಲ್ಲಿ ನನಗೆ ಅನುಮಾನವೇ ಇಲ್ಲ, ಅವು ನಾಮಾವಳಿ. ಕಥೆ ಇಲ್ಲ, ಹೆಸರಿನ ಮೇಲೆ ಹೆಸರು, ಕೊನೆಗೆ ‘ಬಾ, ಹರಸು’. ಬಹಳಷ್ಟಕ್ಕೆ ತಲೆಯಲ್ಲೇ ಯಾವ ಧೂಪ ಹಾಕಬೇಕು ಎಂದು ಬರೆದಿದೆ. ಧೂಪಕ್ಕೆ ಅಲ್ಲಿನ ಪದ ‘ಥ್ಯುಮಿಯಾಮ’, ನಮ್ಮ ‘ಧೂಮ’ದ ದೂರದ ನೆಂಟ. ಆಕಾಶದೇವ ಊರನೋಸ್‌ಗೆ ಹೇಳಿರುವುದು ‘ಲಿಬನೋಸ್’. ದರ್ಗಾದಲ್ಲಿ ಹಾಕುವ ‘ಲೋಬಾನ’ ಅರಬ್ಬಿಯ ‘ಲುಬಾನ್’ನಿಂದ ಬಂದದ್ದು, ಎರಡೂ ಬಿಳುಪು ಎಂಬ ಅರ್ಥದ ಒಂದೇ ಸೆಮಿಟಿಕ್ ಧಾತುವಿನ ಮಕ್ಕಳು. ಅನುವಾದದಲ್ಲಿ ‘ಲೋಬಾನ’ ಎಂದೇ ಹಾಕುತ್ತೇನೆ, ಯಾರು ತಡೆದರೂ.

ಇನ್ನು ಕ್ಲೆಯಾಂಥೆಸ್. ಕ್ರಿ.ಪೂ. 3ನೇ ಶತಮಾನದವನು, ಆಸೋಸ್ ಊರಿಂದ ಬಂದ ಮುಷ್ಟಿಮಲ್ಲ. ರಾತ್ರಿ ತೋಟಗಳಿಗೆ ನೀರು ಸೇದಿ ಹಗಲು ಸ್ಟೋಯಿಕ್ ತತ್ತ್ವಪಂಥ ಕಟ್ಟಿದ ಜೀನೋನ ಬಳಿ ಪಾಠ ಕೇಳಿದ, ಆಮೇಲೆ ಸ್ಟೋಯಿಕರ ಪೀಠಕ್ಕೆ ಎರಡನೆಯವನಾಗಿ ಬಂದ. ಅವನ ಜೀಯಸ್ ಸಿಡಿಲು ಹಿಡಿದ ಹಳೆಯ ದೇವರೇ, ಆದರೆ ಆ ಸಿಡಿಲು ಎಲ್ಲದರೊಳಗೂ ಹರಿಯುವ ‘ಲೋಗೋಸ್’ಅನ್ನು, ಅಂದರೆ ಜಗತ್ತಿನ ವಿವೇಕವನ್ನು, ನಡೆಸುವ ಉಪಕರಣ. ಮೊದಲ ಸಾಲಿನಲ್ಲೇ ‘ಪೊಲ್ಯುಓನ್ಯುಮೆ’, ಹಲವು ಹೆಸರಿನವನೇ, ಎಂದು ಕರೆಯುತ್ತಾನೆ. ನಮಗೆ ತಟ್ಟನೆ ‘ದೇವನೊಬ್ಬ ನಾಮ ಹಲವು’ ನಾಲಗೆಗೆ ಬರುತ್ತದೆ. ಬಂದದ್ದನ್ನು ನಾನು ನುಂಗಿಕೊಂಡೆ. ಬಸವಣ್ಣನವರ ಮಾತು ಮುಂದೆ ಪತಿವ್ರತೆಯ ನಿಷ್ಠೆಗೆ ಹೋಗುತ್ತದೆ: ಬೇರೆ ದೈವಕ್ಕೆ ಎರಗಬೇಡ ಅಂತ. ಸ್ಟೋಯಿಕರದು ಬೇರೆ ದಾರಿ: ಎರಗು, ಯಾವ ಹೆಸರಿಗೆ ಎರಗಿದರೂ ಅದು ಅವನದೇ.

ನನ್ನನ್ನು ಕುಣಿಸಿದ್ದು ನಡುವಿನ ಒಂದು ಸಾಲು. ನೀನು ‘ಪೆರಿಸ್ಸಾ’ ಆದವನ್ನು ‘ಆರ್ತಿಯಾ’ ಮಾಡಬಲ್ಲೆ, ಅನ್ನುತ್ತಾನೆ. ಮೊದಲನೆಯದಕ್ಕೆ ಬೆಸಸಂಖ್ಯೆ, ಮಿಕ್ಕು ಉಳಿದದ್ದು, ಎರಡೂ ಅರ್ಥ. ಎರಡನೆಯದಕ್ಕೆ ಸಮಸಂಖ್ಯೆ, ಹೊಂದಿಕೊಂಡದ್ದು, ಎರಡೂ ಅರ್ಥ. ಇಂಗ್ಲಿಷಿನಲ್ಲಿ ಅಡಿಟಿಪ್ಪಣಿ ಹಾಕಬೇಕಾದ ಈ ಶ್ಲೇಷೆ ಕನ್ನಡದಲ್ಲಿ ಉಚಿತ: ‘ಬೆಸವನ್ನು ಸರಿ ಮಾಡಬಲ್ಲೆ ನೀನು.’ ಅಮ್ಮ ಮುಷ್ಟಿಯಲ್ಲಿ ಹುಣಸೆಬೀಜ ಮುಚ್ಚಿಟ್ಟು “ಸರಿಯೋ ಬೆಸವೋ?” ಎಂದು ಕೇಳುತ್ತಿದ್ದ ಆಟ ನೆನಪಾಯಿತು. ಪ್ಲೇಟೋನ ‘ಲೀಸಿಸ್’ನಲ್ಲೂ ಹುಡುಗರು ಒಂದು ಮೂಲೆಯಲ್ಲಿ ಮೂಳೆಯ ದಾಳ ಹಿಡಿದು ಇದನ್ನೇ ಆಡುತ್ತಿರುತ್ತಾರೆ. ಮುಂದಿನ ತುಂಡು ‘ಕೋಸ್ಮೋಸ್’ ಮೇಲಿನ ಆಟ, ಅಂದವೂ ಹೌದು ಕ್ರಮವೂ ಹೌದು. ಅದನ್ನು ‘ಅಣಿಗೆಟ್ಟದ್ದನ್ನು ಅಣಿಗೊಳಿಸಬಲ್ಲೆ’ ಎಂದು ಮಾಡಿದ್ದೇನೆ. ‘ಅಣಿ’ಗೆ ಸಾಲು, ಸಿಂಗಾರ ಎರಡೂ ಅರ್ಥ ಇರುವುದರಿಂದ ನಡೆದೀತು ಎಂದು ನಂಬಿದ್ದೇನೆ.

ಇಂಥ ಸಾಲುಗಳಲ್ಲಿ ಬೇಡಿಕೆ ಎಲ್ಲಿ ಮುಗಿಯಿತು, ವಾದ ಎಲ್ಲಿ ಶುರುವಾಯಿತು ಎಂದು ಬಿಡಿಸಲಾಗುವುದಿಲ್ಲ. ಅದಕ್ಕೇ ನಾನು ಮತ್ತೆ ‘ಸ್ತೋತ್ರ’ದ ಕಡೆ ವಾಲುತ್ತಿದ್ದೇನೆ. ಭಾಷ್ಯ ಬರೆದ ಕೈ ಸ್ತೋತ್ರವನ್ನೂ ಬರೆದರೆ ನಮಗೆ ಸೋಜಿಗವಿಲ್ಲ. ಶಂಕರರ ಹೆಸರಿನಲ್ಲಿ ಎಷ್ಟು ಸ್ತೋತ್ರಗಳಿಲ್ಲ? ಕ್ರಿ.ಶ. 5ನೇ ಶತಮಾನದ ಪ್ರೋಕ್ಲಸ್‌ನದೂ ಅದೇ ಬಾಳು: ಪ್ಲೇಟೋನ ಸಂವಾದಗಳಿಗೆ ದಪ್ಪ ದಪ್ಪ ವ್ಯಾಖ್ಯಾನ, ಪಕ್ಕದಲ್ಲಿ ದೇವರ ಹ್ಯುಮ್ನೋಸ್‌ಗಳು, ಈಗ ಉಳಿದಿರುವುದು 7. ‘ಸೂಕ್ತ’ಕ್ಕೆ ‘ಚೆನ್ನಾಗಿ ನುಡಿದದ್ದು’ ಎಂಬ ಅರ್ಥವೇನೋ ಹಿತ, ಆದರೆ ಅದರ ಜೊತೆ ವೇದದ ‘ಅಪೌರುಷೇಯ’, ಅಂದರೆ ಮನುಷ್ಯರು ಕಟ್ಟಿದ್ದಲ್ಲ, ಅನ್ನುವ ಭಾರ ಬರುತ್ತದೆ. ಗ್ರೀಕರಲ್ಲಿ ಕವಿ ತನ್ನ ಹೆಸರು ಹೇಳಿ ಪಾತ್ರೆ ಗೆದ್ದು ಮನೆಗೆ ಹೋಗುತ್ತಾನೆ. ಎಲ್ಲಕ್ಕೂ ಒಂದೇ ಪದ ಬೇಕೆಂದು ಸಂಪಾದಕರು ಪಟ್ಟು ಹಿಡಿದರೆ ‘ಸ್ತುತಿ’ ಎಂದು ಕೈತೊಳೆದುಕೊಳ್ಳಬಹುದು. ನನಗದು ಸಪ್ಪೆ.

ಇನ್ನೊಂದು ಕೇಳುವುದಿದೆ. ಹೋಮರನ ಹೆಸರಿನವು ಬಹುತೇಕ ಮುಗಿಯುವುದು ‘ಖಾಯಿರೆ’ ಎಂಬ ಪದದ ಸುತ್ತ. ಎದುರಾದಾಗಲೂ ಅದೇ, ಬೀಳ್ಕೊಡುವಾಗಲೂ ಅದೇ, ಅಕ್ಷರಾರ್ಥ ‘ಸಂತೋಷಪಡು’. ‘ಖಾರಿಸ್’, ಅಂದರೆ ಕೃಪೆ, ಅದೇ ಬೇರಿನದು. ‘ಜಯ’ ಅಂದರೆ ದಾರಿ ತಪ್ಪುತ್ತದೆ, ‘ನಮಸ್ಕಾರ’ ಒಣಕಲು. ಸಂಸ್ಕೃತದ ‘ಪ್ರಸೀದ’ಕ್ಕೆ (ಪ್ರಸನ್ನನಾಗು) ಹತ್ತಿರ, ಆದರೆ ಅಲ್ಲಿ ಬೀಳ್ಕೊಡುಗೆ ಇಲ್ಲ. ನನ್ನ ಕರಡಿನಲ್ಲಿ ಸದ್ಯಕ್ಕೆ ಹೀಗಿದೆ: ‘ಒಲಿದಿರು ತಾಯಿ, ಬರುತ್ತೇನೆ, ನಿನ್ನನ್ನೂ ನೆನೆವೆ, ಇನ್ನೊಂದು ಹಾಡನ್ನೂ.’ ‘ಬರುತ್ತೇನೆ’ ತೀರಾ ಹೊಸಿಲು ದಾಟುವ ಮಾತಾಯಿತೇ? ಹಳೆಯ ಹಾಡುಗಳಲ್ಲಿ ದೇವರನ್ನು ಬೀಳ್ಕೊಡುವ ಬೇರೆ ಪದ ಯಾರಿಗಾದರೂ ಗೊತ್ತಿದ್ದರೆ ದಯವಿಟ್ಟು ಬರೆಯಿರಿ.