ಲೋಕ ಅದಾಲತ್‌ನಲ್ಲಿ ರಾಜಿಯಾಯ್ತು, ಮೂರನೇ ಕಂತಿಗೇ ಕೈ ಎತ್ತಿದ್ದಾರೆ

ಪ್ರಶ್ನೆ: ಸರ್, ನಾವು ತಿಪಟೂರು ಕಡೆಯವರು. ಕೊಬ್ಬರಿ ದುಡ್ಡಿಗೆ ವ್ಯಾಪಾರಿ ಕೊಟ್ಟ 3,60,000 ರೂಪಾಯಿ ಚೆಕ್ ಬೌನ್ಸ್ ಆಗಿತ್ತು. ಕೇಸ್ ಹಾಕಿದೆ. ಲೋಕ ಅದಾಲತ್‌ನಲ್ಲಿ 3 ಲಕ್ಷಕ್ಕೆ ರಾಜಿಯಾಯ್ತು, 50 ಸಾವಿರದಂತೆ 6 ಕಂತು. ಎರಡು ಬಂತು. ಮೂರನೆಯದಕ್ಕೆ ಕೊಟ್ಟ ಚೆಕ್ಕೂ ವಾಪಸ್ ಬಂದಿದೆ. ಫೋನ್ ಎತ್ತುತ್ತಿಲ್ಲ. ಹಳೇ ಕೇಸ್ ಮತ್ತೆ ತೆಗೆಸಿ ವಾರಂಟ್ ತರಿಸಬಹುದಾ?

ವಕೀಲರ ಉತ್ತರ: ವಾರಂಟ್ ಆಸೆ ಬಿಡಿ. ಅದಾಲತ್‌ನಲ್ಲಿ ಮುಗಿದ ಕೇಸ್ ಸಾಮಾನ್ಯವಾಗಿ ಮತ್ತೆ ಏಳುವುದಿಲ್ಲ. ಆದರೆ ನಿಮ್ಮ ಕೈಯಲ್ಲಿರುವ ಅವಾರ್ಡ್, ಅಂದರೆ ಅದಾಲತ್‌ನ ರಾಜಿ ಆದೇಶ, ಸುಮ್ನೆ ಕಾಗದವಲ್ಲ, ಸಿವಿಲ್ ಕೋರ್ಟಿನ ಡಿಕ್ರಿಗೆ (ತೀರ್ಪಿನ ಆದೇಶಕ್ಕೆ) ಸಮ. ಎರ್ನಾಕುಲಂನ ಬರೀ 6 ಸಾವಿರ ರೂಪಾಯಿಯ ಚೆಕ್ ಕೇಸೊಂದರಲ್ಲಿ ಹೀಗೇ ಕಂತು ತಪ್ಪಿ, ವಿಷಯ ಸುಪ್ರೀಂ ಕೋರ್ಟ್‌ವರೆಗೂ ಹೋಗಿತ್ತು. 2011ರಲ್ಲಿ ಕೋರ್ಟ್ ಇದನ್ನೇ ಹೇಳಿತು. ಅವಾರ್ಡಿನ ದೃಢೀಕೃತ ನಕಲು ತೆಗೆದುಕೊಂಡು ಸಿವಿಲ್ ಕೋರ್ಟಿನಲ್ಲಿ ಅಮಲ್ಜಾರಿ ಅರ್ಜಿ, ಅಂದರೆ ಆದೇಶ ಜಾರಿ ಮಾಡಿಸಿಕೊಡಿ ಎಂಬ ಅರ್ಜಿ, ಹಾಕಿ. ಅವರ ಆಸ್ತಿ, ಬ್ಯಾಂಕ್ ಖಾತೆ ಜಪ್ತಿಗೆ ಕೇಳಬಹುದು. ಅವಧಿ 12 ವರ್ಷ ಇದೆ, ಆದರೆ ಅಷ್ಟರಲ್ಲಿ ಅವರು ಸೈಟು ಮಾರಿಬಿಟ್ಟರೆ?

ಅವಾರ್ಡಿನ ಒಂದು ಸಾಲು ಮಾತ್ರ ಇವತ್ತೇ ಓದಿ. "ಕಂತು ತಪ್ಪಿದಲ್ಲಿ ಬಾಕಿ ಪೂರ್ತಿ ಒಮ್ಮೆಗೇ ಕೊಡತಕ್ಕದ್ದು" ಅಂತ ಇದೆಯಾ? ಇದ್ದರೆ ಉಳಿದ 2 ಲಕ್ಷವನ್ನೂ ಈಗಲೇ ಕೇಳಬಹುದು. ಇಲ್ಲದಿದ್ದರೆ ದಿನಾಂಕ ದಾಟಿದ ಕಂತು ಮಾತ್ರ. ನೀವು ಬಿಟ್ಟುಕೊಟ್ಟ 60 ಸಾವಿರವೂ ಅಷ್ಟೇ, ಬರೆದಿದ್ದರೆ ಉಂಟು, ಇಲ್ಲವಾದರೆ ಹೋಯ್ತು. ರಾಜಿಯ ದಿನ ಎಲ್ಲರಿಗೂ ಮನೆಗೆ ಹೋಗುವ ಅವಸರ, ಆ ಸಾಲನ್ನು ಯಾರೂ ಓದುವುದಿಲ್ಲ!

ಹೊಸ ಚೆಕ್ ಬೇರೆ ದಾರಿ. ರಾಜಿಗೆ ಕೊಟ್ಟ ಚೆಕ್ ಬೌನ್ಸ್ ಆದರೆ ಅದಕ್ಕೇ ಹೊಸ 138 ಕೇಸ್ (ಚೆಕ್ ಬೌನ್ಸ್ ಕೇಸ್) ಹಾಕಬಹುದು ಎಂದು 2021ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಚೆಕ್ ವಾಪಸಾಯ್ತು ಎಂಬ ಬ್ಯಾಂಕ್ ಮೆಮೊ ನಿಮ್ಮ ಕೈಗೆ ಬಂದಿದ್ದು ಯಾವತ್ತು? ಅಲ್ಲಿಂದ 30 ದಿನದೊಳಗೆ ನೋಟಿಸ್ ಹೋಗಬೇಕು. ನೋಟಿಸ್ ತಲುಪಿ 15 ದಿನ ಕಳೆದರೂ ದುಡ್ಡು ಬರದಿದ್ದರೆ, ನಂತರದ ಒಂದು ತಿಂಗಳಲ್ಲಿ ದೂರು.

ಪ್ರಶ್ನೆ: ಸರ್, ಮೆಮೊ ಬಂದು 22 ದಿನ ಆಯ್ತು.

ಉತ್ತರ: ಹಾಗಾದ್ರೆ ಈ ವಾರವೇ ನೋಟಿಸ್ ಕಳಿಸಿ. ಸ್ಪೀಡ್ ಪೋಸ್ಟ್ ರಸೀದಿ ಜೋಪಾನ.

ಮತ್ತೊಬ್ಬರ ಪ್ರಶ್ನೆ: ನಾನು ಆಚೆ ಕಡೆಯವನು ಸರ್, ದುಡ್ಡು ಕೊಡಬೇಕಾದವನು. ಅಮ್ಮನಿಗೆ ಆಪರೇಷನ್, ಒಂದು ಕಂತು ತಪ್ಪಿತು. ನಮ್ಮದು ಅದಾಲತ್ ಅಲ್ಲ, ಜಡ್ಜ್ ಮುಂದೆ ಜಂಟಿ ಮೆಮೊ, ಅಂದರೆ ಇಬ್ಬರೂ ಸೇರಿ ಕೊಟ್ಟ ರಾಜಿ ಪತ್ರ. ಕೇಸ್ ಇನ್ನೂ ನಡೀತಿದೆ.

ಉತ್ತರ: ಹಾಗಿದ್ದರೆ ನಿಮಗೆ ಅಪಾಯ ಜಾಸ್ತಿ. ಕೇಸ್ ಜೀವಂತ ಇದೆ, ತಾರೀಕಿಗೆ ಹೋಗದಿದ್ದರೆ ವಾರಂಟ್ ಬರಬಹುದು. ತಪ್ಪಿಸಿಕೊಳ್ಳಬೇಡಿ. ಆಸ್ಪತ್ರೆ ಬಿಲ್ ಸಮೇತ ಸಮಯ ಕೇಳಿ ಅರ್ಜಿ ಹಾಕಿ, ಕೈಲಾದಷ್ಟು ಅವತ್ತೇ ಕಟ್ಟಿ. ನಗದು ಬೇಡ, ಖಾತೆಗೇ ಹಾಕಿ. ಕೈಯಲ್ಲಿ ಕೊಟ್ಟು ರಸೀದಿ ಇಲ್ಲದೆ ಎರಡು ಸಲ ಕಟ್ಟಿದ ಕಕ್ಷಿದಾರರನ್ನು ನೋಡಿದ್ದೇನೆ.