ಬ್ಯಾಂಕಾಕಿನ ಅರ್ಧ ದಿನದ ಟೂರ್ ಬಗ್ಗೆ ಅತ್ತಿಗೆ ಕೇಳಿದ್ದಕ್ಕೆ

ಅತ್ತಿಗೆ, ಈ ಟೂರ್ ಸರಿ ಉಂಟಾ ಅಂತ ಕೇಳಿದ ನಿಮ್ಮ ಎರಡೂ ವಾಯ್ಸ್ ಮೆಸೇಜ್ ಕೇಳ್ದೆ, ಏಜೆಂಟ್ ಕಳಿಸಿದ ಪ್ಲಾನಿನ ಫೋಟೋನೂ ನೋಡ್ದೆ. ಗ್ರೂಪಲ್ಲಿ ಉಳಿದವರಿಗೂ ವಿಷಯ ಗೊತ್ತಾಗ್ಲಿ ಅಂತ ಮೊದಲು ಹೇಳಿಬಿಡ್ತೇನೆ. ಅತ್ತಿಗೆಯವರು ಹೋಗೋದು ಏಳು ಜನ. ದೊಡ್ಡವರು ಐದು, ಮಕ್ಕಳು ಇಬ್ಬರು, ಅದರಲ್ಲಿ ದೊಡ್ಡಮ್ಮನಿಗೆ ಮೊಣಕಾಲು ನೋವು. ಬ್ಯಾಂಕಾಕಲ್ಲಿ ಏಪ್ರಿಲ್ 14, 15 ಎರಡು ರಾತ್ರಿ, 16ರ ರಾತ್ರಿ ವಾಪಸ್ ಫ್ಲೈಟ್. ಏಜೆಂಟ್ 15ನೇ ತಾರೀಕಿಗೆ "ಪ್ರೈವೇಟ್ ಸಿಟಿ ಟೂರ್, 4 ಗಂಟೆ" ಅಂತ ಬರೆದು, ಅದರೊಳಗೆ ಅರಮನೆ, ಮೂರು ದೇವಸ್ಥಾನ, ಫ್ಲೋಟಿಂಗ್ ಮಾರ್ಕೆಟ್, ಜೊತೆಗೆ ಒಂದು ರತ್ನದ ಅಂಗಡಿ ತುರುಕಿದ್ದಾನೆ. ಇದು ಆಗುಹೋಗುವ ಮಾತಲ್ಲ. ಕೂತು ಕೇಳಿ, ಸ್ವಲ್ಪ ಉದ್ದ ಉಂಟು.

ಮೊದಲು ತಾರೀಕು. ನಮಗೆ ಬಿಸು ಸಂಕ್ರಾಂತಿ ಹೇಗೋ ಥಾಯ್ ಜನಕ್ಕೆ ಹೊಸ ವರ್ಷದ ಹಬ್ಬ ಸೊಂಗ್‌ಕ್ರಾನ್ ಹಾಗೆ. ಹೆಸರೇ ಸಂಕ್ರಾಂತಿಯಿಂದ ಬಂದದ್ದು. ಏಪ್ರಿಲ್ 13ರಿಂದ 15 ಹಬ್ಬ. ಬೀದಿ ಬೀದಿಯಲ್ಲಿ ನೀರೆರಚಾಟ, ಅರಮನೆಗೆ ಹತ್ತಿರವೇ ಇರುವ ಖಾವೋಸಾನ್ ರಸ್ತೆಯಲ್ಲಂತೂ ಕಾಲಿಡಲು ಜಾಗ ಇರೋದಿಲ್ಲ. ಸುತ್ತಲಿನ ಕೆಲವು ರಸ್ತೆಗೆ ಗಾಡಿ ಬಿಡೋದಿಲ್ಲ. ಮಕ್ಕಳಿಗೆ ಖುಷಿಯೇ, ಆದರೆ ಗಂಟೆ ಲೆಕ್ಕದಲ್ಲಿ ದುಡ್ಡು ಕೊಟ್ಟ ಗಾಡಿ ಟ್ರಾಫಿಕ್ಕಲ್ಲಿ ನಿಂತರೆ ನಷ್ಟ ನಿಮಗೆ. ಹಾಗಾಗಿ ಟೂರನ್ನು 16ರ ಬೆಳಿಗ್ಗೆಗೆ ಹಾಕಿಸಿ. 15ಕ್ಕೆ ಹೋಟೆಲ್ ಹತ್ತಿರವೇ ಮಾಲ್, ಈಜುಕೊಳ, ಬೇಕಾದ್ರೆ ಮಕ್ಕಳ ಜೊತೆ ನೀರಾಟ. ಹೊರಗೆ ಹೋಗುವಾಗ ಫೋನ್, ಪಾಸ್‌ಪೋರ್ಟಿಗೆ ಪ್ಲಾಸ್ಟಿಕ್ ಚೀಲ ಮರೀಬೇಡಿ. ಎದುರಿಗೆ ಬಂದವರು ಕೇಳಿ ಎರಚೋದಿಲ್ಲ.

ಇನ್ನು "ಪ್ರೈವೇಟ್" ಅನ್ನೋ ಶಬ್ದ. ಏಜೆಂಟರ ಭಾಷೆಯಲ್ಲಿ ಟೂರ್ ಮೂರು ಬಗೆ, ಅದರಲ್ಲಿ ಎರಡಕ್ಕೆ ಪ್ರೈವೇಟ್ ಅಂತಾರೆ, ಜಗಳ ಆಗೋದು ಇಲ್ಲೇ. ಎಸ್‌ಐಸಿ ಅಂದ್ರೆ ಸೀಟ್ ಇನ್ ಕೋಚ್, ಬೇರೆಯವರ ಜೊತೆ ಬಸ್ಸಲ್ಲಿ ಹೋಗೋದು. ಅದು ಅಗ್ಗ, ಅದನ್ನು ಯಾರೂ ಪ್ರೈವೇಟ್ ಅನ್ನೋದಿಲ್ಲ. ಎರಡನೇದು ಗಾಡಿ ಮಾತ್ರ ನಿಮ್ಮದು, ಡ್ರೈವರ್ ಗೇಟ್ ಹತ್ತಿರ ಇಳಿಸಿ ಹೋಗ್ತಾನೆ, ಒಳಗೆ ನಿಮ್ಮ ಪಾಡು ನಿಮಗೆ. ಮೂರನೇದು ಗಾಡಿ ಮತ್ತೆ ಗೈಡ್ ಎರಡೂ ನಿಮ್ಮವು. ನಿಮಗೆ ಬೇಕಾದದ್ದು ಮೂರನೇದು, ನಿಮ್ಮ ಕೈಯಲ್ಲಿರುವ ಕಾಗದದಲ್ಲಿ ಗೈಡ್ ಅಂತ ಎಲ್ಲೂ ಇಲ್ಲ. ಅಲ್ಲಿ ಗೈಡ್ ಕೆಲಸ ಥಾಯ್ ಪ್ರಜೆಗಳಿಗೆ ಮಾತ್ರ, ಸರ್ಕಾರದ ಲೈಸೆನ್ಸ್ ಬೇಕು, ಕಾರ್ಡನ್ನು ಕುತ್ತಿಗೆಗೆ ನೇತುಹಾಕಿರ್ತಾರೆ. ಹಾಗಾಗಿ "ನಮ್ಮ ಡ್ರೈವರೇ ಎಲ್ಲ ವಿವರಿಸ್ತಾನೆ" ಅಂದ್ರೆ ನಂಬಬೇಡಿ. ದಾರಿಯಲ್ಲಿ ಮಾತಾಡಿಯಾನು, ಅರಮನೆ ಒಳಗೆ ಬಂದು ವಿವರಿಸುವ ಹಾಗಿಲ್ಲ.

ಗಾಡಿಯ ಸೀಟಿನ ಲೆಕ್ಕವೂ ಇಲ್ಲೇ ತಪ್ಪೋದು. ಏಳು ಜನ ಅಂತ ಏಜೆಂಟ್ ಏಳು ಸೀಟಿನ ಗಾಡಿ ಹಾಕಿದ್ದಾನೆ ನೋಡಿ. ಡ್ರೈವರ್ ಒಬ್ಬ, ಗೈಡ್ ಒಬ್ಬರು, ಒಟ್ಟು ಒಂಬತ್ತು ಆಯ್ತಲ್ಲ. ವ್ಯಾನೇ ಬೇಕು. ಅಲ್ಲಿ ಟೊಯೋಟಾ ಕಮ್ಯೂಟರ್ ಅಂತ ಎತ್ತರದ ವ್ಯಾನ್ ಎಲ್ಲಾ ಕಡೆ ಸಿಗ್ತದೆ, ಅದನ್ನೇ ಹೆಸರು ಹೇಳಿ ಕೇಳಿ. ಮೆಟ್ಟಿಲು ಎತ್ತರ ಇರೋದ್ರಿಂದ ದೊಡ್ಡಮ್ಮನಿಗೆ ಹತ್ತಲು ಒಂದು ಚಿಕ್ಕ ಸ್ಟೂಲ್ ಇಡಿ ಅಂತಲೂ ಹೇಳಿ. ಕೇಳಿದ್ರೆ ತರ್ತಾರೆ, ಕೇಳದಿದ್ರೆ ಇಲ್ಲ.

ಈಗ ಆ 4 ಗಂಟೆ ಎಲ್ಲಿ ಹೋಗ್ತದೆ ನೋಡಿ. ಗಡಿಯಾರ ಓಡೋದು ಹೋಟೆಲ್ ಬಾಗಿಲಿಂದ ಹೋಟೆಲ್ ಬಾಗಿಲಿಗೆ. ನಿಮ್ಮ ಹೋಟೆಲ್ ಪ್ರತುನಾಮಲ್ಲಿ. ಅಲ್ಲಿಂದ ಅರಮನೆ ದೂರ ಅಲ್ಲ, ಆದರೆ ಬೆಳಿಗ್ಗೆ 7ರಿಂದ 9, ಸಂಜೆ 4ರಿಂದ 7 ಆ ಊರಿನ ಟ್ರಾಫಿಕ್ ಅಂದ್ರೆ ಟ್ರಾಫಿಕ್. ಹೋಗಿ ಬರಲು ಒಂದೂವರೆ ಗಂಟೆ ಇಟ್ಟುಕೊಳ್ಳಿ. ಅರಮನೆ ಒಳಗೆ ಒಂದೂವರೆಯಿಂದ ಎರಡು ಗಂಟೆ. ಮಿಕ್ಕ ಅರ್ಧ, ಹೆಚ್ಚಂದ್ರೆ ಒಂದು ಗಂಟೆಯಲ್ಲಿ ಮೂರು ದೇವಸ್ಥಾನ ಯಾರು ನೋಡ್ತಾರೆ? ಇನ್ನು ಫ್ಲೋಟಿಂಗ್ ಮಾರ್ಕೆಟ್ ಅಂತ ಎಲ್ಲರೂ ಫೋಟೋದಲ್ಲಿ ನೋಡಿದ ದಾಮ್ನೊಯೆನ್ ಸದುವಾಕ್ ಇರೋದು ಊರೊಳಗಲ್ಲ, ಸುಮಾರು 100 ಕಿ.ಮೀ. ಆಚೆ ರಾಚಬುರಿಯಲ್ಲಿ. ಹೋಗಲಿಕ್ಕೇ ಒಂದೂವರೆ, ಎರಡು ಗಂಟೆ. ಅದನ್ನು ಹೊಡೆದು ಹಾಕಿಸಿ. ರತ್ನದ ಅಂಗಡಿಯನ್ನೂ. ಟೂರ್ ಅಗ್ಗಕ್ಕೆ ಸಿಗೋದೇ ಆ ಅಂಗಡಿಯ ಕಮಿಷನ್ನಿಂದ. ಅಲ್ಲಿ ಒಂದು ಗಂಟೆ ಕೂರಿಸಿದ್ರೆ ನಿಮ್ಮ ದುಡ್ಡಿನ ಒಂದು ಗಂಟೆ ಹೋಯ್ತು. "ನೋ ಶಾಪಿಂಗ್ ಸ್ಟಾಪ್" ಅಂತ ವಾಟ್ಸಾಪಲ್ಲೇ ಬರೆಸಿಕೊಳ್ಳಿ. ರೇಟ್ ನೂರೋ ಇನ್ನೂರೋ ಬಾತ್ (ಥಾಯ್ ದುಡ್ಡು) ಜಾಸ್ತಿ ಆದ್ರೆ ಆಗ್ಲಿ.

6 ಗಂಟೆ ತಗೊಳ್ಳಿ, ಮೂರೇ ಜಾಗ ನೋಡಿ: ಅರಮನೆ, ವಾಟ್ ಫೋ, ವಾಟ್ ಅರುಣ್ (ವಾಟ್ ಅಂದ್ರೆ ದೇವಸ್ಥಾನ). ಮೊದಲೆರಡು ನದಿಯ ಈ ದಂಡೆಯಲ್ಲಿ, ಮೂರನೇದು ಆಚೆ ದಂಡೆಯಲ್ಲಿ, ಎಲ್ಲಾ ಹತ್ತಿರ ಹತ್ತಿರವೇ ಇವೆ.

7.30ಕ್ಕೆ ಹೋಟೆಲ್ ಬಿಡಿ. ಅರಮನೆ 8.30ಕ್ಕೆ ತೆಗೀತದೆ, ಮಧ್ಯಾಹ್ನ 3.30ಕ್ಕೆ ಟಿಕೆಟ್ ಬಂದ್. ತೆಗೆಯುವಾಗಲೇ ಗೇಟಲ್ಲಿದ್ರೆ ದೊಡ್ಡ ಬಸ್ಸಿನವರು ಬರುವ ಮುಂಚೆ ಒಳಗಿರ್ತೀರಿ, ಬಿಸಿಲೂ ಏರಿರೋದಿಲ್ಲ. ಏಪ್ರಿಲ್ ಅಲ್ಲಿ ವರ್ಷದ ಅತಿ ಸೆಕೆಯ ತಿಂಗಳು. ನಮ್ಮಲ್ಲಿ ಕಾಫಿ ಹೂ ಅರಳಿಸುವ ಹೂಮಳೆ ಬಿದ್ದು, ಅದರ ನಂತರದ ಬ್ಯಾಕಿಂಗ್ ಮಳೆಗೆ ಕಾಯುವಾಗ ಆಗುವ ಸೆಕೆ ಅದರ ಮುಂದೆ ಏನೂ ಅಲ್ಲ. ಅರಮನೆ ಅಂಗಳ ಪೂರ್ತಿ ಕಲ್ಲು, ನೆರಳು ಕಡಿಮೆ. ಕೊಡೆ ತಗೊಂಡು ಹೋಗಿ. ಓಆರ್‌ಎಸ್ ಪ್ಯಾಕೆಟ್ ನಾಲ್ಕು ಇರಲಿ.

ಬಟ್ಟೆ ವಿಷಯದಲ್ಲಿ ಅಲ್ಲಿ ಮುಲಾಜಿಲ್ಲ. ಭುಜ, ಮೊಣಕಾಲು ಮುಚ್ಚಿರಬೇಕು. ಚಡ್ಡಿ, ಹರಿದ ಜೀನ್ಸ್, ಮೈಗಂಟಿದ ಲೆಗ್ಗಿಂಗ್ಸ್, ತೋಳಿಲ್ಲದ್ದು ಯಾವುದೂ ಆಗೋದಿಲ್ಲ. ಮೇಲೆ ಶಾಲು ಹೊದ್ದುಕೊಂಡ್ರೂ ವಾಪಸ್ ಕಳಿಸಿದ್ದುಂಟು. ದೊಡ್ಡಮ್ಮನ ಸೀರೆಗೆ ತೊಂದರೆಯೇ ಇಲ್ಲ. ಚಿಂತೆ ಇರೋದು ಭಾವನ ಮೊಣಕಾಲಿನವರೆಗಿನ ಚಡ್ಡಿಯದ್ದು, ಅದನ್ನು ಪೆಟ್ಟಿಗೆಯಲ್ಲೇ ಇಡಿ ಭಾವ. ಕಾಲಿಗೆ ಲೇಸ್ ಇಲ್ಲದ ಚಪ್ಪಲಿ. ಎಲ್ಲಾ ಕಡೆ ಬಿಚ್ಚಿ ಹಾಕಬೇಕು.

ಟಿಕೆಟ್ ಲೆಕ್ಕ: ಅರಮನೆ 500 ಬಾತ್, ವಾಟ್ ಫೋ 300, ವಾಟ್ ಅರುಣ್ 200, ಅಂದ್ರೆ ತಲೆಗೆ 1,000. ಅರಮನೆಯಲ್ಲಿ 120 ಸೆಂ.ಮೀ.ಗಿಂತ ಗಿಡ್ಡ ಇರುವ ಮಕ್ಕಳಿಗೆ ಬಿಡ್ತಾರೆ. ವಯಸ್ಸಲ್ಲ, ಎತ್ತರ. ಚಿಕ್ಕವನು ಪಾಸ್, ದೊಡ್ಡವಳಿಗೆ ಪೂರ್ತಿ ಟಿಕೆಟ್. ಅಂತೂ ಆರು ಜನಕ್ಕೆ 6,000 ಬಾತ್ ಇಟ್ಟುಕೊಳ್ಳಿ. ಬಾತ್ ಒಂದಕ್ಕೆ ಎರಡೂವರೆಯಿಂದ ಮೂರು ರೂಪಾಯಿ ಅಂತ ಹಿಡೀರಿ. ಏಜೆಂಟ್ ಹೇಳಿದ ರೇಟಲ್ಲಿ ಇದು ಸೇರಿದೆಯಾ ಕೇಳಿ. ಸಾಮಾನ್ಯವಾಗಿ ಗಾಡಿ, ಡೀಸೆಲ್, ಗೈಡ್ ಸೇರಿರ್ತದೆ. ಟಿಕೆಟ್, ಊಟ, ಟಿಪ್ಸ್ ಬೇರೆ. ಎಕ್ಸ್‌ಪ್ರೆಸ್‌ವೇ ಟೋಲ್, ಪಾರ್ಕಿಂಗ್, 6 ಗಂಟೆ ದಾಟಿದ್ರೆ ಗಂಟೆಗೆಷ್ಟು, ಈ ಮೂರನ್ನು ನೀವೇ ಬಾಯ್ಬಿಟ್ಟು ಕೇಳಬೇಕು. ರೇಟ್ ತಲೆಗಾ, ಇಡೀ ಗುಂಪಿಗಾ ಅನ್ನೋದೂ.

ಅರಮನೆಯಲ್ಲಿ ಎಲ್ಲರೂ ಪಚ್ಚೆ ಬುದ್ಧನ ಕಡೆಗೆ ಓಡ್ತಾರೆ. ಹೆಸರು ಪಚ್ಚೆ, ಕಲ್ಲು ಪಚ್ಚೆ ಅಲ್ಲ, ಹಸಿರು ಜೇಡ್. ಎತ್ತರ 66 ಸೆಂ.ಮೀ. ಅಷ್ಟೇ, ತುಂಬಾ ಮೇಲೆ ಕೂರಿಸಿದ್ದಾರೆ, ಅದಕ್ಕೆ ನೋಡಿದವರಿಗೆ "ಇಷ್ಟೇನಾ" ಅನಿಸ್ತದೆ. ಬೇಸಿಗೆ, ಮಳೆ, ಚಳಿಗಾಲ ಅಂತ ವರ್ಷಕ್ಕೆ ಮೂರು ಸಲ ರಾಜನೇ ಅದಕ್ಕೆ ಬಟ್ಟೆ ಬದಲಾಯಿಸೋದು. ಒಳಗೆ ಫೋಟೋ ಇಲ್ಲ, ಟೋಪಿ ಇಲ್ಲ, ಹೊಸ್ತಿಲು ತುಳೀಬಾರದು, ದಾಟಬೇಕು. ಕೂತಾಗ ಪಾದ ಮೂರ್ತಿಯ ಕಡೆ ಚಾಚಬಾರದು. ದೊಡ್ಡಮ್ಮ ನೆಲದಲ್ಲಿ ಕೂರೋದು ಬೇಡ, ಕಾಲು ನೀಡಬೇಕಾಗ್ತದೆ. ಬಾಗಿಲ ಬದಿಯಲ್ಲಿ ನಿಂತೇ ನೋಡಿ ಬರಲಿ.

ಆದರೆ ನನ್ನ ಕೇಳಿದ್ರೆ ಅಲ್ಲಿ ನೋಡಬೇಕಾದದ್ದು ಸುತ್ತಲಿನ ಪೌಳಿ. ಆ ಗೋಡೆಯಲ್ಲಿ 178 ಚಿತ್ರಗಳಲ್ಲಿ ಇಡೀ ರಾಮಾಯಣ ಉಂಟು. ಅವರದ್ದು ರಾಮಕಿಯೆನ್. ಉತ್ತರದ ಬಾಗಿಲ ಹತ್ತಿರ ಶುರುವಾಗಿ ಪ್ರದಕ್ಷಿಣೆಯಾಗಿ ಹೋಗ್ತದೆ. ರಾಮ ಅಲ್ಲಿ ಫ್ರಾ ರಾಮ್, ಸೀತೆ ನಾಂಗ್ ಸೀದಾ, ರಾವಣ ತೋಸಕಾನ್, ಅದು ನಮ್ಮ ದಶಕಂಠವೇ. ಗೈಡುಗಳು ಟೈಮ್ ಉಳಿಸಲಿಕ್ಕೆ ಇದನ್ನು ಬಿಟ್ಟು ಚಿನ್ನದ ಗೋಪುರದ ಮುಂದೆ ಫೋಟೋ ಹೊಡೆಸಿ ಕರ್ಕೊಂಡು ಹೋಗ್ತಾರೆ. "ನಮಗೆ ರಾಮಕಿಯೆನ್ ಚಿತ್ರಕ್ಕೆ ಅರ್ಧ ಗಂಟೆ ಬೇಕು" ಅಂತ ಬೆಳಿಗ್ಗೆ ಗಾಡಿಯಲ್ಲೇ ಹೇಳಿಬಿಡಿ. ಕಥೆ ಗೊತ್ತಿರುವ ಗುಂಪು ಅಂತ ಗೊತ್ತಾದ್ರೆ ಅವರಿಗೂ ಹುರುಪು ಬರ್ತದೆ. ಪೌಳಿಯಲ್ಲಿ ಮಾಡು ಇರೋದ್ರಿಂದ ನೆರಳೂ ಸಿಗ್ತದೆ, ದೊಡ್ಡಮ್ಮನಿಗೆ ಎರಡು ಲಾಭ. ಒಂದೇ ಒಂದು, ಅವರಿಗೆ ಮೊದಲೇ ಹೇಳಿಡಿ: ಅಲ್ಲಿಯ ಹನುಮಂತ ಬ್ರಹ್ಮಚಾರಿ ಅಲ್ಲ. ರಾವಣನ ಮಗಳು ಒಬ್ಬ ಮತ್ಸ್ಯಕನ್ಯೆ, ಅವಳ ಜೊತೆ ಪ್ರೇಮವೂ ಉಂಟು, ಮಗನೂ ಉಂಟು. ಮನೆಗೆ ಬಂದ ಮೇಲೆ ಭಜನೆ ಮಂಡಳಿಯಲ್ಲಿ ಏನಾಗ್ತದೋ ಗೊತ್ತಿಲ್ಲ.

10.30ರ ಹೊತ್ತಿಗೆ ವಾಟ್ ಫೋ. ನಡೆದ್ರೆ ಹತ್ತು ನಿಮಿಷ, ದೊಡ್ಡಮ್ಮ ಇರೋದ್ರಿಂದ ವ್ಯಾನ್ ಕರೆಸಿ. ಮಲಗಿದ ಬುದ್ಧ 46 ಮೀಟರ್ ಉದ್ದ, 15 ಮೀಟರ್ ಎತ್ತರ. ಪಾದದ ಅಡಿಯಲ್ಲಿ ಮುತ್ತಿನ ಚಿಪ್ಪಿನ ಕೆಲಸದ 108 ಮಂಗಳ ಚಿಹ್ನೆ. ಹಿಂದಿನ ಬದಿ 108 ಕಂಚಿನ ಬಟ್ಟಲು, 20 ಬಾತ್ ಕೊಟ್ರೆ ಚಿಲ್ಲರೆ ಸಿಗ್ತದೆ, ಒಂದೊಂದಕ್ಕೆ ಒಂದೊಂದು ಹಾಕ್ತಾ ಹೋಗೋದು. ಮಕ್ಕಳಿಗೆ ಇದು ಇಷ್ಟ ಆಗ್ತದೆ. ಥಾಯ್ ಮಸಾಜಿಗೆ ಅದೇ ಮೂಲ ಜಾಗ, ಒಳಗೇ ಮಾಡ್ತಾರೆ, ಆದರೆ ನೋವಿರುವ ಮೊಣಕಾಲನ್ನು ಅವರ ಕೈಗೆ ಕೊಡಬೇಡಿ. ಎಳೆದು ತಿರುಚುವ ಮಸಾಜ್ ಅದು.

ಅಲ್ಲಿಂದ ಎದುರೇ ಥಾ ತಿಯೆನ್ ದೋಣಿ ಕಟ್ಟೆ. ಚಾವೋ ಫ್ರಯಾ ನದಿ ದಾಟಿಸುವ ಫೆರಿಗೆ ಐದು ಬಾತ್ ಅಷ್ಟೇ. ಆಚೆ ದಡದಲ್ಲಿ ವಾಟ್ ಅರುಣ್. ವ್ಯಾನಲ್ಲೇ ಸೇತುವೆ ಸುತ್ತಿ ಹೋಗೋಣ ಅಂದ್ರೆ ಒಪ್ಪಬೇಡಿ, ಸುಮ್ಮನೆ ಅರ್ಧ ಗಂಟೆ ದಂಡ. ಕಟ್ಟೆ ಮತ್ತೆ ದೋಣಿ ನಡುವೆ ಸಂದು ಇರ್ತದೆ, ನೀರು ಅಲೆಯುವಾಗ ಅದು ಕುಣೀತದೆ. ದೊಡ್ಡಮ್ಮನನ್ನು ಇಬ್ಬರು ಹಿಡಿದು ಹತ್ತಿಸಿ. ಗೋಪುರದ ಮೆಟ್ಟಿಲು ತೀರಾ ಕಡಿದು, ಹತ್ತೋದು ಬೇಡ. ಪಿಂಗಾಣಿ ಚೂರಿನ ಹೂಗಳು ಕೆಳಗಿಂದಲೇ ಚೆನ್ನಾಗಿ ಕಾಣ್ತವೆ. ಮಾರ್ಕೆಟ್ ತಪ್ಪಿತಲ್ಲ ಅಂತ ಮಕ್ಕಳು ಅತ್ರೆ ಉದ್ದ ಬಾಲದ ಮೋಟಾರು ದೋಣಿಯಲ್ಲಿ ಒಂದು ಗಂಟೆ ಥೋನ್‌ಬುರಿ ಕಾಲುವೆ ಸುತ್ತಿಸಬಹುದು. ದೋಣಿ ನೀರಿಗೆ ತೀರಾ ತಗ್ಗು, ಇಳಿದು ಕೂರಬೇಕು, ದೊಡ್ಡಮ್ಮನಿಗೆ ಆಗದು. ಅವರು ಗೈಡ್ ಜೊತೆ ದಡದಲ್ಲೇ ಇರಲಿ. ದೋಣಿಯ ಬಾಡಿಗೆಯನ್ನು ಹತ್ತುವ ಮೊದಲೇ ಇಡೀ ದೋಣಿಗೆ ಮಾತಾಡಿ.

ಊಟದ ಮಾತು. ಶುಕ್ರವಾರ ಮಾಂಸ ತಿನ್ನದ ಅಕ್ಕನಿಗೆ: ಅಲ್ಲಿ "ವೆಜ್" ಅಂದ್ರೂ ಮೀನಿನ ಸಾಸ್ ಬಿದ್ದಿರ್ತದೆ. "ಜೇ" ಅನ್ನಿ, ಹಳದಿ ಬಾವುಟದ ಮೇಲೆ ಕೆಂಪು ಅಕ್ಷರ ಇರುವ ಅಂಗಡಿ ಹುಡುಕಿ. ಇಲ್ಲದಿದ್ರೆ ಹತ್ತಿರದ ಫಾಹುರತ್ ನಮ್ಮವರ ಪೇಟೆ, ಚಪಾತಿ ದಾಲ್ ಸಿಗ್ತದೆ. ಉಳಿದವರು ಖನೋಮ್ ಚೀನ್ ಕೇಳಿ ತಿನ್ನಿ. ಅಕ್ಕಿಹಿಟ್ಟು ಒತ್ತಿದ ಶ್ಯಾವಿಗೆಗೆ ಸಾರು ಸುರಿದು ಕೊಡ್ತಾರೆ, ನಮ್ಮ ನೂಪುಟ್ಟಿನ ಅಣ್ಣ ತಮ್ಮ. ಇಲ್ಲಿಂದ ಹಂದಿ ಉಪ್ಪಿನಕಾಯಿ ಕಟ್ಟಿಕೊಂಡು ಹೋಗಬೇಡಿ, ಮಾಂಸದ ಪದಾರ್ಥ ಅನುಮತಿ ಇಲ್ಲದೆ ಒಳಗೆ ಬಿಡೋದಿಲ್ಲ. ಮತ್ತೆ ಭಾವನ ಮಗನಿಗೆ ಹೇಳಿ, ವೇಪ್ ಅಲ್ಲಿ ಕಾನೂನುಬಾಹಿರ.

ಅರಮನೆ ಸುತ್ತ ಯಾರಾದ್ರೂ ಚಂದ ಬಟ್ಟೆ ಹಾಕ್ಕೊಂಡು ಬಂದು "ಇವತ್ತು ಅರಮನೆ ಬಂದ್, ಟುಕ್‌ಟುಕ್ಕಲ್ಲಿ ಬೇರೆ ಕಡೆ ತೋರಿಸ್ತೇನೆ" ಅಂದ್ರೆ ಮಾತೇ ಆಡದೆ ಗೇಟಿನ ತನಕ ಹೋಗಿ. ಹಳೇ ಮೋಸ, ಕೊನೆಗೆ ರತ್ನದ ಅಂಗಡಿಗೇ ಮುಟ್ಟಿಸೋದು. ರಾಜಮನೆತನದ ಕಾರ್ಯ ಇದ್ದಾಗ ಕೆಲವು ಭಾಗ ಮುಚ್ಚೋದು ನಿಜ, ಆದರೆ ಅದನ್ನು ಹೇಳಬೇಕಾದವರು ಟಿಕೆಟ್ ಕೌಂಟರಿನವರು. ಪ್ರವಾಸಿ ಪೊಲೀಸ್ ನಂಬರ್ 1155, ಎಲ್ಲರ ಫೋನಲ್ಲೂ ಹಾಕಿಡಿ.

ಹೊರಡುವ ಮೊದಲು ಟಿಡಿಎಸಿ ಅನ್ನೋ ಆನ್‌ಲೈನ್ ಆಗಮನ ಕಾರ್ಡ್ ಮಕ್ಕಳು ಸೇರಿ ಏಳು ಜನಕ್ಕೂ ತುಂಬಬೇಕು. ಇಳಿಯುವ ಮುಂಚಿನ ಮೂರು ದಿನದೊಳಗೆ, ಅದಕ್ಕಿಂತ ಮೊದಲು ಆಗೋದಿಲ್ಲ. ಪೂರ್ತಿ ಉಚಿತ, ದುಡ್ಡು ಕೇಳಿದ್ರೆ ಅದು ಸರ್ಕಾರದ ಸೈಟ್ ಅಲ್ಲ. ವೀಸಾ ನಿಯಮ ಬದಲಾಗ್ತಾ ಇರ್ತದೆ, ಅದನ್ನು ಥಾಯ್ ರಾಯಭಾರ ಕಚೇರಿಯ ಸೈಟಲ್ಲೇ ನೋಡಿ. ಪಾಸ್‌ಪೋರ್ಟಿಗೆ ಆರು ತಿಂಗಳು ಬಾಕಿ ಉಂಟಾ ನೋಡಿ, ದೊಡ್ಡಮ್ಮನದ್ದು ಮುಖ್ಯವಾಗಿ.

1.30ಕ್ಕೆ ಟೂರ್ ಮುಗೀತದೆ. 16ಕ್ಕೆ ರೂಮ್ ಬಿಡುವಾಗ ಲಗೇಜನ್ನು ಹೋಟೆಲ್ ರಿಸೆಪ್ಶನ್ನಲ್ಲೇ ಇಡಿ, ವ್ಯಾನಲ್ಲಿ ಹಾಕಿ ತಿರುಗಿಸಬೇಡಿ, ಒಂಬತ್ತು ಜನದ ಜೊತೆ ಏಳು ಸೂಟ್‌ಕೇಸ್ ಹಿಡಿಸೋದಿಲ್ಲ. ಏರ್‌ಪೋರ್ಟಿಗೆ ಸಂಜೆ 4 ಗಂಟೆ ಆಗುವ ಮುಂಚೆಯೇ ಹೊರಡಿ. ಆ ಊರಲ್ಲಿ ಏರ್‌ಪೋರ್ಟ್ ಎರಡು, ಒಂದು ಪೂರ್ವಕ್ಕೆ ಸುವರ್ಣಭೂಮಿ, ಇನ್ನೊಂದು ಉತ್ತರಕ್ಕೆ ಡಾನ್ ಮುಯಾಂಗ್. ತಪ್ಪಾಗಿ ಹೋದ್ರೆ ಒಂದರಿಂದ ಇನ್ನೊಂದಕ್ಕೆ ಸಂಜೆ ಟ್ರಾಫಿಕ್ಕಲ್ಲಿ ಮುಟ್ಟೋದು ಕಷ್ಟ. ಸುವರ್ಣಭೂಮಿ ಅಂತ ನಮ್ಮ ಹಾಗೆ ಹೇಳಿದ್ರೆ ಡ್ರೈವರಿಗೆ ಅರ್ಥ ಆಗೋದಿಲ್ಲ, ಅವರ ಬಾಯಲ್ಲಿ ಅದು "ಸುವನ್ನಪೂಮ್". ನಿಮ್ಮ ವಾಪಸ್ ಟಿಕೆಟಲ್ಲಿ ಬಿಕೆಕೆ (ಸುವರ್ಣಭೂಮಿ) ಅಂತ ಉಂಟಾ, ಡಿಎಂಕೆ (ಡಾನ್ ಮುಯಾಂಗ್) ಅಂತ ಉಂಟಾ, ಅದೊಂದು ಫೋಟೋ ಇಲ್ಲಿ ಹಾಕಿ ಅತ್ತಿಗೆ.